ಖಾಲಿ ತೂತು ಬಿಡಬಾರದು

ಮೇ ೭, ಮಂಗಳವಾರ

ಮೂವತ್ತು ಸೆಕೆಂಡು. ಒಂದು ಲೋಟ ನೀರು ಕುಡಿದು ಕೆಳಗಿಡುವಷ್ಟು ಹೊತ್ತು. ಅಷ್ಟು ಕಾಯಲಾಗದೆ ಕಡಬದ ನಮ್ಮ ಆಸ್ಪತ್ರೆಯ ಮಹನೀಯರು ಇವತ್ತು ನನ್ನ ಜೀವ ಹಿಂಡಿದರು.

ಸಂಜೆ ನಾಲ್ಕಕ್ಕೆ ಗುಡುಗಿತು. ಗುಡುಗಿದ ಕೂಡಲೇ ಶೀಲಾವತಿ ಎಂಬ ಆ ಆಯಾ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಓಡಿದಳು, ಮೆಟ್ಟಿಲಡಿಯ ಕೋಣೆಯ ಬೀಗ ತೆಗೆದಳು, ಸ್ವಿಚ್‌ಗಳಿಂದ ವಯರುಗಳನ್ನೆಲ್ಲ ಕಿತ್ತಳು. ಸ್ವಿಚ್ ಎಂದರೆ ದೀಪದ ಸ್ವಿಚ್ ಅಲ್ಲ. ಆಸ್ಪತ್ರೆಯ ಅಷ್ಟೂ ಕಂಪ್ಯೂಟರುಗಳ ವಯರು ಬಂದು ಸೇರುವ, ಇಪ್ಪತ್ತನಾಲ್ಕು ತೂತುಗಳ ಪೆಟ್ಟಿಗೆ; ಅಂಥವು ನಾಲ್ಕಿವೆ. ಇದನ್ನು ಹೆಂಡತಿ ಚಿನ್ಮಯೀಗೆ ಹತ್ತು ಸಲ ಹೇಳಿದ್ದೇನೆ, ಹತ್ತು ಸಲವೂ ಅವಳು ಗೋಡೆಯ ಸ್ವಿಚ್ ನೋಡಿದ್ದಾಳೆ. ಈ ಪುಸ್ತಕವಾದರೂ ಗೋಡೆ ನೋಡುವುದಿಲ್ಲ.

ಎರಡು ವರ್ಷದ ಹಿಂದೆ ಸಿಡಿಲಿಗೆ ಎರಡು ಪೆಟ್ಟಿಗೆ ಸುಟ್ಟುಹೋದವು. ಆಮೇಲೆ, ಗುಡುಗು ಕೇಳಿದರೆ ಎಲ್ಲ ಕಿತ್ತಿಡು ಎಂದು ಅವಳಿಗೆ ಹೇಳಿಕೊಟ್ಟವನು ನಾನೇ. ಪುತ್ತೂರು, ಸುಳ್ಯ, ಕಡಬ, ಎಲ್ಲಿ ಹೋದರೂ ಮಿಂಚು ಕಂಡ ಕೂಡಲೇ ಜನ ಮೊದಲು ಟಿ.ವಿ.ಯ ವಯರು ಕೀಳುತ್ತಾರೆ, ಆಮೇಲೆ ಒಣಗಲು ಹಾಕಿದ ಬಟ್ಟೆ ತರುತ್ತಾರೆ. ಈ ಕಂಪ್ಯೂಟರುಗಳನ್ನು ನೋಡಿಕೊಳ್ಳುವ ನಾನಿರುವುದು ಪುತ್ತೂರಿನಲ್ಲಿ. ವಾರದ ಅರ್ಧದಷ್ಟು ದಿನ, ಯಜಮಾನರಾದ ದೊಡ್ಡ ಡಾಕ್ಟರದ್ದೇ ಸುಳ್ಯದ ಇನ್ನೊಂದು ಆಸ್ಪತ್ರೆಗೂ ಹೋಗಬೇಕು. ಹಾಗಾಗಿ ಕೋಣೆಯ ಬೀಗದ ಕೈ ಅವಳ ಬಳಿಯೇ ಇರುತ್ತದೆ. ಆಸ್ಪತ್ರೆಯವರೆಲ್ಲ ಅವಳನ್ನು ಶೀಲಕ್ಕ ಅನ್ನುತ್ತಾರೆ. ನನಗೆ ಅಂಥ ನೆಂಟಸ್ತಿಕೆ ಬೇಡ.

ಗುಡುಗು ನಿಂತ ಮೇಲೆ ಅವಳು ವಯರುಗಳನ್ನು ಮರಳಿ ಹಾಕಿದಳು. ಆದರೆ ವಯರು ಹಾಕಿದ ಕ್ಷಣವೇ ಪೆಟ್ಟಿಗೆ ಬಾಯಿ ತೆರೆಯುವುದಿಲ್ಲ. ತಾನು ಕಳಿಸಿದ ಮಾತು ಸುತ್ತು ಹೊಡೆದು ತನಗೇ ವಾಪಸು ಬರುತ್ತದೆಯೋ ಎಂದು ಅರ್ಧ ನಿಮಿಷ ಕಿವಿಗೊಟ್ಟು ಕೂರುತ್ತದೆ. ಬಂದರೆ ಆ ತೂತನ್ನು ಸದ್ದಿಲ್ಲದೆ ಮುಚ್ಚಿಬಿಡುತ್ತದೆ. ಸ್ಪಾನಿಂಗ್ ಟ್ರೀ ಎಂದು ಈ ಏರ್ಪಾಡಿನ ಹೆಸರು. ಪೆಟ್ಟಿಗೆಗಳೆಲ್ಲ ಸೇರಿ ತಮ್ಮೊಳಗೆ ಒಂದನ್ನು ಯಜಮಾನ ಮಾಡಿಕೊಳ್ಳುತ್ತವೆ; ಅದರ ಕಡೆಗೆ ಒಂದೊಂದೇ ದಾರಿ ಇಟ್ಟುಕೊಂಡು ಉಳಿದದ್ದನ್ನು ಮುಚ್ಚಿಡುತ್ತವೆ. ಯಾರೂ ಬೇರೆ ಹೇಳದಿದ್ದರೆ ಸಾಮಾನ್ಯವಾಗಿ ಎಲ್ಲಕ್ಕಿಂತ ಹಳೆಯದಕ್ಕೇ ಯಜಮಾನಿಕೆ. ನಮ್ಮಲ್ಲೂ ಮೆಟ್ಟಿಲಡಿಯ, ಧೂಳು ತಿಂದ ಮುದಿ ಪೆಟ್ಟಿಗೆಯೇ ದೊರೆ. ಆಸ್ಪತ್ರೆಗೆ ತಕ್ಕ ದೊರೆ.

ಅಡ್ಮಿನಿಸ್ಟ್ರೇಟರ್ ಉಲ್ಲಾಸ್ ಟೈ ಹಾರಿಸಿಕೊಂಡು ಬಂದ. “ಗಣಪತಿ ಸರ್, ಎಂತ ಇದು? ವಯರ್ ಹಾಕಿದ ಮೇಲೂ ನೆಟ್ ಇಲ್ಲ ಅಂದ್ರೆ?”

“ಅರ್ಧ ನಿಮಿಷ ಕಾಯಿರಿ ಮಾರಾಯ್ರೆ.”

“ಪೇಶೆಂಟ್ ಕಾಯ್ತಾರಾ?”

ಈ ಆಸ್ಪತ್ರೆಯಲ್ಲಿ ಪೇಶೆಂಟ್ ಕಾಯುವುದು ಬಿಟ್ಟು ಬೇರೇನಾದರೂ ಮಾಡಿದ್ದನ್ನು ನಾನು ಕಂಡಿಲ್ಲ.

ಮೇ ೯, ಗುರುವಾರ

ಇವತ್ತೂ ಗುಡುಗು, ಇವತ್ತೂ ಅದೇ ಬೊಬ್ಬೆ. ಸರಿ, ಕಾಯುವುದೇ ಬೇಡವಲ್ಲ? ನಾಲ್ಕೂ ಪೆಟ್ಟಿಗೆಗಳಲ್ಲಿ ಸ್ಪಾನಿಂಗ್ ಟ್ರೀಯನ್ನೇ ಆಫ್ ಮಾಡಿ ಬಂದೆ. ಪೆಟ್ಟಿಗೆಗೆ ಒಂದೊಂದು ಸಾಲಿನ ಆದೇಶ ಬರೆದರೆ ಮುಗಿಯಿತು. ಕಂಪ್ಯೂಟರುಗಳ ತೂತುಗಳು ಮಾತ್ರ ಕಾಯದ ಹಾಗೆ ಒಂದೊಂದಾಗಿ ಬರೆಯಬಹುದಿತ್ತು, ಇಪ್ಪತ್ತು ನಿಮಿಷದ ಕೆಲಸ. ಇವರಿಗಾಗಿ ಯಾರು ಬಸ್ಸು ತಪ್ಪಿಸಿಕೊಳ್ಳುತ್ತಾರೆ?

ಉಲ್ಲಾಸ್ ಹೆಬ್ಬೆರಳು ಎತ್ತಿ ತೋರಿಸಿದ. ಅದೇ ಬೆರಳು ಮೊನ್ನೆ ಬೇರೆ ದಿಕ್ಕಿಗಿತ್ತು.

ಮೇ ೨೨, ಬುಧವಾರ

ಲ್ಯಾಬಿನ ರುಕಿಯಾ ಫೋನು ಮಾಡಿದಳು, ಒಂದು ವಯರು ತೂತಿನೊಳಗೆ ಹೋಗುತ್ತಿಲ್ಲವಂತೆ. ಹೋಗಿ ನೋಡಿದರೆ ಕುಂಬಾರ ಹುಳ ಮಣ್ಣು ತಂದು ಪೆಟ್ಟಿಗೆಯ ತೂತಿನೊಳಗೆ ಅಚ್ಚುಕಟ್ಟಾಗಿ ಗೂಡು ಕಟ್ಟಿದೆ. ಇನ್ನೊಂದರಲ್ಲಿ ಇರುವೆ ಮೊಟ್ಟೆ. ಇಡೀ ಆಸ್ಪತ್ರೆಯಲ್ಲಿ ನಿಷ್ಠೆಯಿಂದ ಕೆಲಸ ಮಾಡುವುದು ಈ ಹುಳ ಒಂದೇ.

ಶೀಲಾವತಿಯನ್ನು ಕರೆದು ಚೆನ್ನಾಗಿ ಉಗಿದೆ. ಒಂದು ತೂತೂ ಖಾಲಿ ಇರಬಾರದು, ಏನಾದರೂ ಹಾಕಿ ಮುಚ್ಚಬೇಕು, ತಿಳಿಯಿತಾ ಎಂದೆ. “ಎಂತ ಹಾಕುದು ಸರ್?” ಎಂದು ಕೇಳಿದಳು. ಅಲ್ಲೇ ಕಪಾಟಿನಲ್ಲಿ ಹಳೆಯ ವಯರು ರಾಶಿ ಬಿದ್ದಿರಲಿಲ್ಲವೇ, ಅದನ್ನು ತೋರಿಸಿದೆ. ಆಮೇಲೆ ತೂತುಗಳಿಗೆ ಮುಚ್ಚಳ ತರಿಸಿದರಾಯಿತು ಎಂದುಕೊಂಡೆ. ಮತ್ತೆ ಮರೆತುಹೋಗದಿರಲಿ ಎಂದು ದಪ್ಪ ಅಕ್ಷರದಲ್ಲಿ ಬರೆದು, ಸಹಿ ಹಾಕಿ, ಗೋಡೆಗೆ ಅಂಟಿಸಿದೆ: ಖಾಲಿ ತೂತು ಬಿಡಬಾರದು.

ಹೋಗುವಾಗ ಕಂಡೆ: ವಯರುಗಳಿಗೆಲ್ಲ ಬಣ್ಣಬಣ್ಣದ ನೂಲು ಕಟ್ಟಿಟ್ಟಿದ್ದಾಳೆ. ಮದುವೆ ಚಪ್ಪರ ಮಾಡಿಟ್ಟಿದ್ದಾಳೆ ನನ್ನ ಕೋಣೆಯನ್ನು.

ಜುಲೈ ೩೧

ಉಪ್ಪಿನಂಗಡಿಯಲ್ಲಿ ನೀರು ಏರಿದೆ, ಬಸ್ಸಿಲ್ಲ. ಮಳೆ ಶುರುವಾದ ಮೇಲೆ ಗುಡುಗೂ ಇಲ್ಲ, ಯಾರೂ ಏನನ್ನೂ ಕೀಳಲಿಲ್ಲ. ಬರೆಯುವಂಥದ್ದು ಎಂತದೂ ಇಲ್ಲ. ಮುಚ್ಚಳ ತರಿಸಲಿಲ್ಲ.

ಅಕ್ಟೋಬರ್ ೮, ಮಂಗಳವಾರ

ಸಿಟ್ಟು ಇನ್ನೂ ಇಳಿದಿಲ್ಲ.

ಮೂರೂವರೆಗೆ ಈ ಸಲದ ಹಿಂಗಾರಿನ ಮೊದಲ ಗುಡುಗು. ಕಿತ್ತರು, ನಿಂತ ಮೇಲೆ ಹಾಕಿದರು. ಹಾಕಿದ ಅರೆಗಳಿಗೆಯಲ್ಲಿ ಇಡೀ ಆಸ್ಪತ್ರೆಯ ಕಂಪ್ಯೂಟರುಗಳು ಸತ್ತುಬಿದ್ದವು. ರಿಜಿಸ್ಟ್ರೇಶನ್ ಇಲ್ಲ, ಎಕ್ಸ್‌ರೇ ಇಲ್ಲ, ಫಾರ್ಮಸಿ ಇಲ್ಲ. ಅದೇ ಹೊತ್ತಿಗೆ ಮರ್ದಾಳ ಕಡೆಯ ಅಚ್ಚುತ ಎಂಬವರನ್ನು ಹೊತ್ತು ತಂದರು. ಕನ್ನಡಿ ಹಾವು, ಅಂದರೆ ಕೊಳಕುಮಂಡಲ, ಕಚ್ಚಿದೆ. ರುಕಿಯಾ ರಕ್ತ ನೋಡಿದಳು, ಹೆಪ್ಪುಗಟ್ಟುತ್ತಿಲ್ಲ. ರಿಪೋರ್ಟು ಮೇಲಿನ ವಾರ್ಡಿಗೆ ಹೋಗದ್ದರಿಂದ ಅದನ್ನು ಅಂಗೈಯಲ್ಲಿ ಬರೆದುಕೊಂಡು ಮೆಟ್ಟಿಲು ಹತ್ತಿ ಓಡಿದಳು. ಫಾರ್ಮಸಿಯ ಪುಣ್ಯಾತ್ಮ ಮಾತ್ರ ಕಂಪ್ಯೂಟರ್ ಚೀಟಿ ಬಾರದೆ ವಿಷ ಇಳಿಸುವ ಮದ್ದು ಕೊಡುವುದಿಲ್ಲವೆಂದು ಕೂತ! ಇಪ್ಪತ್ತು ನಿಮಿಷ. ಕೊನೆಗೆ ದೊಡ್ಡ ಡಾಕ್ಟರೇ ಇಳಿದು ಬಂದು ಕಪಾಟು ತೆರೆದು ತೆಗೆದುಕೊಂಡು ಹೋದರು. ಅಚ್ಚುತ ಉಳಿದರು. ನಾನು ಬಂದಾಗಲೂ ಅವರ ಹೆಂಡತಿ ಫಾರ್ಮಸಿಯ ಕಿಟಕಿಯ ಸರಳು ಹಿಡಿದೇ ನಿಂತದ್ದು ಕಣ್ಣಿಂದ ಹೋಗುತ್ತಿಲ್ಲ.

ನಾನು ಸುಳ್ಯದಿಂದ ಜೀಪು ಹಿಡಿದು ಬರುವಾಗ ಐದು. ಪೆಟ್ಟಿಗೆಯ ದೀಪಗಳೆಲ್ಲ ಒಟ್ಟಿಗೆ ಹುಚ್ಚು ಹಿಡಿದಂತೆ ಮಿಣುಕುತ್ತಿವೆ. ನೋಡಿದ ಕೂಡಲೇ ಗೊತ್ತಾಯಿತು, ಲೂಪ್. ಹುಡುಕಿದೆ. ಒಂದು ಮೊಳದ ಹಳೆಯ ವಯರು, ಅದರ ಒಂದು ತುದಿ ಹದಿನೆಂಟನೇ ತೂತಿನಲ್ಲಿ, ಇನ್ನೊಂದು ತುದಿ ಅದೇ ಪೆಟ್ಟಿಗೆಯ ಹತ್ತೊಂಬತ್ತನೇ ತೂತಿನಲ್ಲಿ! ಕಿತ್ತೆ. ಎರಡು ಉಸಿರಿನೊಳಗೆ ಎಲ್ಲ ಸರಿಯಾಯಿತು.

ಉಲ್ಲಾಸನಿಗೆ ತಿಳಿಯುವ ಹಾಗೆ ಹೇಳಬೇಕಾಯಿತು. “ಮದುವೆ ಮನೆಯಲ್ಲಿ ಒಬ್ಬ ಊಟಕ್ಕೆ ಏಳಿ ಅಂದ ಅಂತ ಇಟ್ಟುಕೊಳ್ಳಿ. ಕೇಳಿದವರೆಲ್ಲ ಏಳುವ ಬದಲು ಉಳಿದವರಿಗೆಲ್ಲ ಊಟಕ್ಕೆ ಏಳಿ ಅಂತಾರೆ, ಅವರು ಪುನಃ ಇವರಿಗೆ ಅಂತಾರೆ. ಬೊಬ್ಬೆ ಹೆಚ್ಚುತ್ತಾ ಹೋಗ್ತದೆ, ಒಬ್ಬನೂ ಉಣ್ಣುದಿಲ್ಲ. ಅದು ಲೂಪ್.”

“ಯಾರು ಮಾಡಿದ್ದು?” ಅಷ್ಟೇ ಅವನಿಗೆ ಬೇಕಾದದ್ದು.

ಶೀಲಾವತಿ ಬಾಗಿಲ ಬಳಿಯೇ ನಿಂತಿದ್ದಳು. “ನಾನೇ ಹಾಕಿದ್ದು ಸರ್” ಎಂದಳು. ಮತ್ತೆ ಒಟ್ಟೆ, ಖಾಲಿ ಒಟ್ಟೆ ಎಂದು ತೂತಿನ ಬಗ್ಗೆ ಏನೋ ಹೇಳತೊಡಗಿದಳು. ಕೇಳುವ ತಾಳ್ಮೆ ನನಗಿರಲಿಲ್ಲ. ಒಂದು ವಯರಿನ ಎರಡು ತುದಿಯನ್ನೂ ಒಂದೇ ಪೆಟ್ಟಿಗೆಗೆ ಚುಚ್ಚುವ ತಲೆಗೆ ಏನು ಹೇಳುವುದು!

ಅಕ್ಟೋಬರ್ ೯, ಬುಧವಾರ

ಅಚ್ಚುತರ ಕಡೆಯವರು ಬಂದು ಗಲಾಟೆ ಮಾಡಿ ಹೋದರಂತೆ. ಉಲ್ಲಾಸ್ ಲಿಖಿತ ವರದಿ ಕೇಳಿದ, ಹೆಸರು ಹಾಕಿ. ಹಾಕಿದೆ. “ಆಯಾ ಶೀಲಾವತಿಯ ಅಜ್ಞಾನ ಹಾಗೂ ನಿರ್ಲಕ್ಷ್ಯ.” ನನ್ನ ಬರವಣಿಗೆಯಲ್ಲಿ ಒಂದು ಅಕ್ಷರ ತಪ್ಪಿಲ್ಲ.

ಅಕ್ಟೋಬರ್ ೧೧, ಶುಕ್ರವಾರ

ಆಯುಧ ಪೂಜೆ. ಅವಳು ಎಂದಿನಂತೆ ಬೆಳಿಗ್ಗೆಯೇ ಬಂದು, ಕೋಣೆ ಒರೆಸಿ, ನಾಲ್ಕು ಪೆಟ್ಟಿಗೆಗೂ ಕುಂಕುಮ ಇಟ್ಟು, ಮುದಿ ಪೆಟ್ಟಿಗೆಗೆ ಮಾತ್ರ ಒಂದು ಮೊಳ ಸೇವಂತಿಗೆ ಹಾಕಿದ್ದಳು. ಗಾಳಿ ಹೋಗುವ ಕಂಡಿಗೇ ಹೂವು. ನಾನು ತೆಗೆದೆ.

ಪೂಜೆಯ ಅವಲಕ್ಕಿ ಹಂಚಿ ಆದ ಮೇಲೆ ಉಲ್ಲಾಸ್ ಅವಳನ್ನು ಒಳಗೆ ಕರೆದ. ಸೋಮವಾರದಿಂದ ಬರುವುದು ಬೇಡ. ಅವಲಕ್ಕಿ ಹಂಚುವವರೆಗೆ ಕಾದನಲ್ಲ, ಅದು ಅವನ ಸಂಸ್ಕೃತಿ. ಅವಳು ಹೊರಗೆ ಬಂದು ಸೊಂಟದಿಂದ ಬೀಗದ ಕೈ ತೆಗೆದು ನನಗೆ ಕೊಟ್ಟಳು. “ಮಿಷನ್ ಹಾಳಾಗ್ಲಿಲ್ಲ ಅಲ್ವಾ ಸರ್?” ಎಂದು ಕೇಳಿದಳು. ಇಲ್ಲ ಎಂದೆ. ಬೀಗದ ಕೈಗೂ ಕುಂಕುಮ ಹತ್ತಿತ್ತು, ಅಂಗಿಯ ಕಿಸೆಗೆ ಕಲೆ.

ಚಿನ್ಮಯೀ ಕೇಳಿದಳು, “ಹತ್ತೊಂಬತ್ತು ವರ್ಷ ಇದ್ದ ಹೆಂಗಸನ್ನಾ?” ಎಂದು. ಆಸ್ಪತ್ರೆ ಏನು ಅನ್ನಛತ್ರವೇ ಎಂದೆ. ಸಾರಿಗೆ ಉಪ್ಪು ಹೆಚ್ಚಾಗಿತ್ತು, ಅರ್ಧಕ್ಕೇ ಎದ್ದೆ.

ಅಕ್ಟೋಬರ್ ೨೩, ಬುಧವಾರ

ನಿನ್ನೆ ಗುಡುಗಿದಾಗ ಒಬ್ಬನೂ ಕೋಣೆಯ ಕಡೆ ಸುಳಿಯಲಿಲ್ಲವಂತೆ. ಬೀಗದ ಕೈ ನನ್ನ ಕಿಸೆಯಲ್ಲಿ, ನಾನು ಸುಳ್ಯದಲ್ಲಿ. ಪೆಟ್ಟಿಗೆ ಉಳಿದದ್ದು ಪುಣ್ಯ. ಇನ್ನೊಂದು ಬೀಗದ ಕೈ ಮಾಡಿಸಿ ರುಕಿಯಾಳಿಗೆ ಕೊಟ್ಟೆ.

ಇವತ್ತು ಲ್ಯಾಬಿನ ವಯರು ಯಾವುದೆಂದು ಬೇಕಾಯಿತು. ನಾನು ಅಂಟಿಸಿದ್ದ ಚೀಟಿಗಳ ಶಾಯಿ ಮಳೆಗಾಲದ ತೇವಕ್ಕೆ ಅಳಿಸಿಹೋಗಿದೆ. ಅರ್ಧ ಗಂಟೆ ಹುಡುಕಿದೆ. ಆಗ ರುಕಿಯಾ ಬಾಗಿಲಲ್ಲಿ ನಿಂತು, “ಕೆಂಪು ನೂಲು ನೋಡಿ ಸರ್, ಲ್ಯಾಬಿಂದು ಕೆಂಪು. ಫಾರ್ಮಸಿ ಹಸಿರು, ವಾರ್ಡು ಹಳದಿ. ಶೀಲಕ್ಕ ಹೇಳಿದ್ದು” ಎಂದಳು. ಹೌದು, ಸರಿಯಾಗಿದೆ. ಪೆಟ್ಟಿಗೆಯ ತೂತಿನ ಮೇಲೂ ಅದೇ ಬಣ್ಣದ ಚುಕ್ಕಿ ಇಟ್ಟಿದ್ದಾಳೆ, ಉಗುರಿಗೆ ಹಚ್ಚುವ ಬಣ್ಣದಲ್ಲಿ. ನಲವತ್ತೇಳು ವಯರು, ಒಂದೂ ತಪ್ಪಿಲ್ಲ.

ಆ ಮೊಳದುದ್ದದ ವಯರಿಗೆ ಮಾತ್ರ ನೂಲು ಇರಲಿಲ್ಲ ಎಂದು ನೆನಪಾಯಿತು. ಇರಲಿ.

ನವೆಂಬರ್ ೪, ಸೋಮವಾರ

ಪುನಃ ಸತ್ತಿತು. ಗುಡುಗು, ಕಿತ್ತದ್ದು, ಹಾಕಿದ್ದು, ಸತ್ತದ್ದು. ಒಂದು ಅಕ್ಷರ ವ್ಯತ್ಯಾಸವಿಲ್ಲ. ಈ ಸಲ ಮೇಲಿನ ವಾರ್ಡಿನಲ್ಲಿ ತುರ್ತಿನವರು ಯಾರೂ ಇರಲಿಲ್ಲ, ಅದು ನಮ್ಮ ಬುದ್ಧಿಯಿಂದ ಅಲ್ಲ.

ನಾನು ಅಲ್ಲೇ ಇದ್ದೆ, ಓಡಿ ಹೋಗಿ ನೋಡಿದರೆ ಅದೇ ಹಳೆಯ ವಯರು, ಅದೇ ಹದಿನೆಂಟು ಹತ್ತೊಂಬತ್ತು. ಕಿತ್ತು ಕೈಯಲ್ಲಿ ಹಿಡಿದು, “ಯಾರು ಆ ಗುಗ್ಗು?” ಎಂದು ಕೂಗಿದೆ.

“ನಾನು” ಎಂದಳು ರುಕಿಯಾ.

ಬಿ.ಎಸ್ಸಿ. ಓದಿದವಳು, ಕಣ್ಣಿಗೆ ಕಾಣದ ಕ್ರಿಮಿಯನ್ನು ಎಣಿಸುವವಳು.

“ನೀವೇ ಬರ್ದದ್ದಲ್ವಾ ಸರ್?” ಗೋಡೆ ತೋರಿಸಿದಳು. “ಖಾಲಿ ತೂತು ಬಿಡಬಾರದು. ಈ ಪೆಟ್ಟಿಗೆಯಲ್ಲಿ ಎರಡು ಒಟ್ಟೆ ಖಾಲಿ ಇತ್ತು. ಒಂದು ವಯರು ಬಿದ್ದಿತ್ತು, ಅದಕ್ಕೆ ಎರಡು ತುದಿ ಉಂಟು. ನಾನು ಮತ್ತೆಂತ ಮಾಡ್ಬೇಕಿತ್ತು?”

ದಪ್ಪ ಅಕ್ಷರ, ಕೆಳಗೆ ನನ್ನ ಸಹಿ, ಮೇ ಇಪ್ಪತ್ತೆರಡು.

“ಶೀಲಕ್ಕನೂ ಅದನ್ನೇ ಹೇಳ್ಲಿಕ್ಕೆ ಬಂದದ್ದು ಆ ದಿವಸ. ನೀವು ಕೇಳ್ಲಿಲ್ಲ” ಎಂದಳು. ಮತ್ತೆ ಲ್ಯಾಬಿಗೆ ಹೋದಳು. ನಾನು ಉಲ್ಲಾಸನಿಗೆ ಕರೆಂಟು ದೋಷ ಎಂದು ಹೇಳಿದೆ. ಅವನು ನಂಬಿದ. ಅವನು ನಂಬದ್ದು ಯಾವುದಿದೆ?

ನವೆಂಬರ್ ೫, ಮಂಗಳವಾರ

ಚೀಟಿ ನನ್ನದು, ಒಪ್ಪಿದೆ. ಆದರೆ ಚೀಟಿಯಿಂದ ಮಾತ್ರ ಆಸ್ಪತ್ರೆ ಸಾಯಬಾರದಿತ್ತು. ಇಂಥ ಲೂಪನ್ನು ತಡೆಯುವುದಕ್ಕೇ ಸ್ಪಾನಿಂಗ್ ಟ್ರೀ ಇರುವುದು. ಯಾರು ಎಷ್ಟು ಪೆದ್ದಾಗಿ ಚುಚ್ಚಿದರೂ ಅದು ಒಂದು ತೂತನ್ನು ಮುಚ್ಚಿ ಸುಮ್ಮನೆ ಕೂರಬೇಕು. ನೋಡಿದೆ. ನಾಲ್ಕೂ ಪೆಟ್ಟಿಗೆಗಳಲ್ಲಿ ಅದನ್ನು ಆಫ್ ಮಾಡಿದ್ದಾರೆ! ಪೆಟ್ಟಿಗೆ ಮಾರಿದ ಮಂಗಳೂರಿನ ಕಂಪೆನಿಯವರದ್ದೇ ಕೆಲಸ, ಆಗಸ್ಟಿನಲ್ಲಿ ರಿಪೇರಿಗೆಂದು ಬಂದು ಹೋಗಿದ್ದರು. ಎಷ್ಟು ದುಡ್ಡು ತೆಗೆದುಕೊಂಡರೂ ಇಂಥ ಅಯೋಗ್ಯರು. ಫೋನು ಮಾಡಿ ಜನ್ಮ ಜಾಲಾಡಿದೆ. ಆ ಕಡೆಯವನು ಶಾಂತವಾಗಿ, “ನಿಮ್ಮ ಪಾಸ್‌ವರ್ಡ್ ನಮ್ಮತ್ರ ಇಲ್ಲ ಸರ್, ನಾವು ಬರೇ ಫ್ಯಾನ್ ಬದಲಾಯಿಸಿದ್ದು” ಎಂದ.

ಯಾವತ್ತು ಬಂದಿದ್ದರೆಂದು ತೋರಿಸಲು ಈ ಪುಸ್ತಕ ತೆರೆದೆ. ಹಿಂದಿನಿಂದ ಮಗುಚಿದೆ. ಆಗಸ್ಟಿನಲ್ಲಿ ಏನೂ ಬರೆದಿಲ್ಲ. ಜುಲೈ, ಪ್ರವಾಹ. ಮೇ ಇಪ್ಪತ್ತೆರಡು, ಹುಳ.

ಮೇ ಒಂಬತ್ತು.

ನವೆಂಬರ್ ೬, ಬುಧವಾರ

ಸ್ಪಾನಿಂಗ್ ಟ್ರೀ ಪುನಃ ಹಾಕಿದೆ. ಈ ಸಲ ಕಂಪ್ಯೂಟರುಗಳ ತೂತುಗಳು ಕಾಯದ ಹಾಗೆ ಒಂದೊಂದಾಗಿ ಬರೆದೆ. ಹದಿನೆಂಟು ನಿಮಿಷ ಹಿಡಿಯಿತು. ಇಪ್ಪತ್ತೂ ಬೇಕಾಗಲಿಲ್ಲ.

ಯಾರಿಗೂ ಹೇಳಲಿಲ್ಲ. ಹೇಳಿ ಆಗುವುದಾದರೂ ಎಂತ? ಹೋದವಳು ಹೋದಳು. ಇವರಿಗೆ ಸ್ಪಾನಿಂಗ್ ಟ್ರೀ ವಿವರಿಸುವುದಕ್ಕಿಂತ ಗೋಡೆಗೆ ವಿವರಿಸಬಹುದು.

ನವೆಂಬರ್ ೮, ಶುಕ್ರವಾರ

ಬೇಡ ಬೇಡವೆಂದರೂ ಹಳೆಯ ದಾಖಲೆ ತೆಗೆದೆ. ಪೆಟ್ಟಿಗೆಗಳು ತಾವು ಮಾಡಿದ್ದನ್ನೆಲ್ಲ ಒಂದೊಂದು ಸಾಲು ಬರೆದು ನನ್ನ ಕಂಪ್ಯೂಟರಿಗೆ ಕಳಿಸುತ್ತವೆ, ನಾನು ಓದುವುದಿಲ್ಲ ಅಷ್ಟೇ. ಮೇ ಒಂಬತ್ತಕ್ಕೆ ಮೊದಲಿನ ಎರಡು ವರ್ಷದಲ್ಲಿ ಗುಡುಗಿನ ದಿನಗಳಲ್ಲಿ ಒಟ್ಟು ಹನ್ನೊಂದು ಸಲ ಲೂಪ್. ಹನ್ನೊಂದು ಸಲವೂ ಒಂದು ತೂತು ಮುಚ್ಚಿಕೊಂಡಿದೆ, ಯಾರಿಗೂ ಏನೂ ಆಗಿಲ್ಲ. ಅವುಗಳಲ್ಲಿ ನಾಲ್ಕರ ತಾರೀಖು ನೋಡಿ ನನಗೇ ನಾಚಿಕೆಯಾಯಿತು. ಆ ದಿನಗಳಲ್ಲಿ ಶೀಲಾವತಿ ರಜೆ. ವಯರು ಹಾಕಿದವನು ನಾನೇ.

ಅಜ್ಞಾನ ಹಾಗೂ ನಿರ್ಲಕ್ಷ್ಯ. ಥೂ. ಎಷ್ಟು ಚಂದದ ವಾಕ್ಯ ಬರೆದಿದ್ದೆ, ಮಹಾಗಣಪತಿ! ವಿಳಾಸ ಒಂದೇ ತಪ್ಪಿತ್ತು.

ನವೆಂಬರ್ ೧೧, ಸೋಮವಾರ

ಉಲ್ಲಾಸನಿಗೆ ಪತ್ರ ಕೊಟ್ಟೆ. ಎರಡು ಪುಟ, ಎಲ್ಲ ಬರೆದಿದ್ದೆ. ಅವನು ಮೊದಲ ಪುಟ ಓದಿ ಬಾಗಿಲು ಹಾಕಿ ಬಂದ.

“ಇದು ಯಾಕೆ ಸರ್ ಈಗ? ಹಾವಿನ ಕೇಸಿನವರು ಈಗಷ್ಟೇ ತಣ್ಣಗಾದದ್ದು. ಸಿಸ್ಟಮ್ ನೋಡುವವರದ್ದೇ ತಪ್ಪು ಅಂತ ಗೊತ್ತಾದ್ರೆ ನಮ್ಮ ಮರ್ಯಾದೆ ಎಂತ ಆದೀತು?”

“ಆ ಹೆಂಗಸಿನ ಮರ್ಯಾದೆ ಹೋದದ್ದಕ್ಕೆ ಏನು?”

ಅವನು ಸ್ವಲ್ಪ ಯೋಚಿಸಿದ. ಯೋಚಿಸುವಾಗ ಅವನು ಟೈ ಸವರುತ್ತಾನೆ, ಬುದ್ಧಿ ಅಲ್ಲಿ ಇರುವ ಹಾಗೆ. “ಹೀಗೆ ಮಾಡುವ. ನೀವು ಹೊಸ ರಕ್ಷಣೆ ಹಾಕಿದ್ದೀರಿ, ಇನ್ನು ತೊಂದರೆ ಇಲ್ಲ ಅಂತ ಡಾಕ್ಟ್ರಿಗೆ ಹೇಳ್ತೇನೆ. ಶೀಲಾವತಿ ಒಂದು ಕ್ಷಮಾಪಣೆ ಪತ್ರಕ್ಕೆ ಸಹಿ ಹಾಕಿದ್ರೆ ಪುನಃ ತೆಗೆದುಕೊಳ್ಳುವ. ಎಲ್ಲರಿಗೂ ಒಳ್ಳೇದು.” ಪತ್ರವನ್ನು ಮಡಚಿ ನನ್ನ ಕಿಸೆಗೇ ಹಾಕಿದ.

ಕೆಲಸ ಸಿಗುತ್ತದಲ್ಲ. ಸಹಿ ತಾನೇ. ಬಸ್ಸಿನಲ್ಲಿ ಕೂತು ಇದನ್ನೇ ಹೇಳಿಕೊಂಡೆ. ಹಗುರವಾಯಿತು ಎಂದು ಬರೆಯಬೇಕು, ಆದರೆ ಆಗಲಿಲ್ಲ.

ನವೆಂಬರ್ ೧೭, ಭಾನುವಾರ

ಶೀಲಾವತಿಯವರ ಊರು ಕೊಲ್ಲಮೊಗ್ರಿಗೆ ಹೋಗಿದ್ದೆ. ಸುಬ್ರಹ್ಮಣ್ಯದಲ್ಲಿ ಬಸ್ಸು ಬದಲಿಸಿ, ಇಳಿದ ಮೇಲೆ ಕಾಡಿನಂಚಿನಲ್ಲಿ ಎರಡು ಮೈಲು ನಡಿಗೆ. ಇಷ್ಟು ದೂರದಿಂದ ಅವರು ಹತ್ತೊಂಬತ್ತು ವರ್ಷ ಎಂಟು ಗಂಟೆಯ ಡ್ಯೂಟಿಗೆ ಬರುತ್ತಿದ್ದರು. ಒಂದು ದಿನ ತಡವಾದದ್ದು ನನಗೆ ನೆನಪಿಲ್ಲ. ನನಗೆ ಪುತ್ತೂರಿನಿಂದ ನೇರ ಬಸ್ಸಿದ್ದೂ ವಾರಕ್ಕೆ ಎರಡು ಸಲ ತಡ.

ನನ್ನನ್ನು ಕಂಡು ಅವರು ಗಾಬರಿಯಾದರು. “ಎಂತ ಸರ್, ಪುನಃ ಹಾಳಾಯಿತಾ?” ಎಂದೇ ಮೊದಲು ಕೇಳಿದ್ದು. ಗಂಡ ಕುಕ್ಕಪ್ಪ ಜಗಲಿಯಲ್ಲಿ ಬುಟ್ಟಿ ನೇಯುತ್ತಿದ್ದವರು ಎದ್ದು ಚಾಪೆ ಹಾಕಿದರು. ಇಬ್ಬರೂ ತಮ್ಮ ಮನೆಮಾತು ಅರೆಭಾಷೆಯಲ್ಲಿ ಏನೋ ಮಾತಾಡಿಕೊಂಡರು, ಬೆಲ್ಲದ ಕಾಫಿ ಬಂತು.

ಡಾಕ್ಟರು ಕರೆಯುತ್ತಿದ್ದಾರೆ, ಒಂದು ಕ್ಷಮಾಪಣೆಗೆ ಸಹಿ ಹಾಕಿದರೆ ನಾಳೆಯಿಂದಲೇ ಕೆಲಸ ಎಂದೆ.

“ಹಾಕ್ತೇನೆ ಸರ್. ತಪ್ಪು ನಂದೇ ಅಲ್ವಾ. ಆ ಹಾವು ಕಚ್ಚಿದವ್ರಿಗೆ ಎಂತಾದ್ರೂ ಆಗಿದ್ರೆ! ಅವತ್ತಿಂದ ನಂಗೆ ಸರಿ ನಿದ್ದೆ ಇಲ್ಲ.”

ಕುಕ್ಕಪ್ಪ ತಲೆ ಎತ್ತಲಿಲ್ಲ. “ಇವಳು ಇಲ್ಲಿ ಗುಡುಗಿದ್ರೂ ಎದ್ದು ಕೂತುಕೊಳ್ಳುದು. ಅಲ್ಲಿ ವಯರು ಯಾರು ಕಿತ್ತರೋ ಅಂತ” ಎಂದರು.

ಆಗ ಹೇಳಬೇಕಿತ್ತು. ನಾನು ಕಾಫಿ ಕುಡಿದೆ. ಚೆನ್ನಾಗಿದೆ ಎಂದೆ. ಹೇಡಿಯ ಬಾಯಿಂದ ಹೊರಟದ್ದು ಅದೊಂದೇ ಸತ್ಯ.

ಬರುವಾಗ ಅವರು ಗೇಟಿನವರೆಗೆ ಬಂದು ಕೇಳಿದರು, “ಹಾಗಾದ್ರೆ ಖಾಲಿ ಒಟ್ಟೆಗೆ ಎಂತ ಹಾಕುದು ಸರ್? ಅದು ನಂಗೆ ಇನ್ನೂ ಗೊತ್ತಾಗ್ಲಿಲ್ಲ.”

ನಾಳೆ ಹೇಳುತ್ತೇನೆ ಎಂದೆ.

ನವೆಂಬರ್ ೧೮, ಸೋಮವಾರ

ಹತ್ತು ಗಂಟೆಗೆ ದೊಡ್ಡ ಡಾಕ್ಟರು ಕೆಳಗಿಳಿದು ಬಂದರು. ಹೊಸ ರಕ್ಷಣೆ ಹಾಕಿದ್ದೀರಂತೆ, ನನಗೆ ಕಣ್ಣಾರೆ ನೋಡಬೇಕು, ಅದೇ ವಯರನ್ನು ಹಾಗೆಯೇ ಹಾಕಿ ತೋರಿಸಿ ಎಂದರು. ಮೆಟ್ಟಿಲಡಿಯಲ್ಲಿ ಜನ ಸೇರಿದರು. ಉಲ್ಲಾಸ್, ರುಕಿಯಾ, ಫಾರ್ಮಸಿಯ ಪುಣ್ಯಾತ್ಮ. ಶೀಲಾವತಿಯವರು ಆಯಾಗಳ ನೀಲಿ ಸೀರೆ ಉಡದೆ, ಮನೆಯ ಸೀರೆಯಲ್ಲಿ, ಎಲ್ಲರಿಗಿಂತ ಹಿಂದೆ ನಿಂತಿದ್ದರು. ಕ್ಷಮಾಪಣೆಯ ಹಾಳೆ ಉಲ್ಲಾಸನ ಕೈಯಲ್ಲಿ ಸಿದ್ಧವಾಗಿತ್ತು, ಟೈಪು ಮಾಡಿಸಿ.

ಆ ಮೊಳದುದ್ದದ ವಯರನ್ನು ನಾನು ಶೀಲಾವತಿಯವರ ಕಡೆ ಚಾಚಿದೆ. ಅವರು ಎರಡೂ ಕೈ ಹಿಂದಕ್ಕೆ ಕಟ್ಟಿಕೊಂಡರು.

“ನಾನು ಹಾಕುದಿಲ್ಲ ಸರ್. ನೀವೇ ಹಾಕಿ.”

ಹಾಕಿದೆ. ಹದಿನೆಂಟು, ಹತ್ತೊಂಬತ್ತು. ರುಕಿಯಾ ಲ್ಯಾಬಿಗೆ ಓಡಿ ಒಂದು ರಿಪೋರ್ಟು ಕಳಿಸಿದಳು. ಮೇಲಿನಿಂದ ನರ್ಸು “ಬಂತು!” ಎಂದು ಕೂಗಿದಳು. ಫಾರ್ಮಸಿಯಲ್ಲಿ ಚೀಟಿ ಬಂತು. ಎಲ್ಲ ಎಂದಿನ ಹಾಗೆ ನಡೆಯಿತು. ಹತ್ತೊಂಬತ್ತನೇ ತೂತಿನ ದೀಪ ಮಾತ್ರ ಹಸಿರು ಬಿಟ್ಟು ಕಿತ್ತಳೆಗೆ ತಿರುಗಿ ನಿಂತಿತು.

“ಭೇಷ್” ಎಂದರು ಡಾಕ್ಟರು. “ಗಣಪತಿಯವರು ಹೊಸ ಟೆಕ್ನಾಲಜಿ ತಂದಿದ್ದಾರೆ ಡಾಕ್ಟ್ರೆ” ಎಂದ ಉಲ್ಲಾಸ್. ಹಾಳೆಯನ್ನೂ ಪೆನ್ನನ್ನೂ ಶೀಲಾವತಿಯವರಿಗೆ ಕೊಟ್ಟ.

ಅವರು ಪೆನ್ನು ಹಿಡಿದರು, ಆದರೆ ಕಣ್ಣು ಆ ಕಿತ್ತಳೆ ದೀಪದ ಮೇಲೆಯೇ ಇತ್ತು. “ಈ ಬಣ್ಣದ ಲೈಟು ನಾನು ಮೊದ್ಲು ನೋಡಿದ್ದೇನೆ” ಎಂದರು. “ಹೋದ ವರ್ಷವೂ ಬರ್ತಿತ್ತು. ಇದು ಹೊಸತಾ ಸರ್, ಮೊದ್ಲೇ ಇದ್ದದ್ದಾ?”

ಹೊಸತು ಅಂದರೆ ಮುಗಿಯುತ್ತಿತ್ತು. ಉಲ್ಲಾಸ್ ನನ್ನನ್ನೇ ನೋಡುತ್ತಿದ್ದ. ಕೊಲ್ಲಮೊಗ್ರಿನ ಆ ಕಾಫಿ ನೆನಪಾಯಿತು.

“ಮೊದಲೇ ಇತ್ತು” ಎಂದೆ.

“ಮತ್ತೆ ಯಾರು ತೆಗ್ದದ್ದು?”

“ನಾನು.”

ನಾನು ಅವರ ಕೈಯಿಂದ ಹಾಳೆ ತೆಗೆದುಕೊಂಡು, ಟೈಪು ಮಾಡಿದ ಹೆಸರು ಹೊಡೆದು, ಮೇಲೆ ನನ್ನ ಹೆಸರು ಬರೆದು, ಸಹಿ ಹಾಕಿದೆ. ಕಿಸೆಯಲ್ಲಿದ್ದ ಎರಡು ಪುಟದ ಪತ್ರವನ್ನೂ ಸೇರಿಸಿ ಡಾಕ್ಟರ ಕೈಗೆ ಕೊಟ್ಟೆ. ಅವರು ಅಲ್ಲೇ ಎರಡೂ ಪುಟ ಓದಿದರು. ನನ್ನ ಕಡೆ ನೋಡಿದ ನೋಟವನ್ನು ಇಲ್ಲಿ ಬರೆಯುವುದಿಲ್ಲ. “ಮಧ್ಯಾಹ್ನ ರೂಮಿಗೆ ಬನ್ನಿ” ಎಂದು ನನಗೂ, “ಬಟ್ಟೆ ಬದಲಿಸಿ ಡ್ಯೂಟಿಗೆ ಹೋಗಿ” ಎಂದು ಅವರಿಗೂ ಹೇಳಿ ಮೇಲೆ ಹತ್ತಿದರು. ಮಧ್ಯಾಹ್ನ ಬೈಸಿಕೊಂಡೆ, ಮುಕ್ಕಾಲು ಗಂಟೆ. ಈ ತಿಂಗಳ ಕೊನೆಯವರೆಗೆ ನೋಡುತ್ತಾರಂತೆ, ಆಮೇಲೆ ಇಡುವುದೋ ಬಿಡುವುದೋ ಹೇಳುತ್ತಾರಂತೆ. ಹೇಳಲಿ.

ಬೆಳಿಗ್ಗೆ ಜನ ಚದುರಿದ ಮೇಲೆ ಶೀಲಾವತಿಯವರು ನನ್ನ ಮುಂದೆ ಬಂದು ನಿಂತರು. ಬೈಯುತ್ತಾರೆ ಎಂದುಕೊಂಡೆ. ಬೈದಿದ್ದರೆ ಚೆನ್ನಾಗಿತ್ತು.

“ನಿನ್ನೆ ಮನೆಗೆ ಬಂದಾಗ ಗೊತ್ತಿತ್ತಾ ನಿಮ್ಗೆ?”

“ಗೊತ್ತಿತ್ತು.”

ಅವರು ಕೈ ಚಾಚಿ, “ಬೀಗದ ಕೈ ಎಲ್ಲುಂಟು?” ಎಂದರು. ಕೊಟ್ಟೆ. ಅದನ್ನು ಸೀರೆಗೆ ಒರೆಸಿ ಸೊಂಟಕ್ಕೆ ಸಿಕ್ಕಿಸಿಕೊಂಡರು. ಕೋಣೆಯೊಳಗೆ ಹೋಗಿ, ಗೋಡೆಯ ಮೇಲಿನ ನನ್ನ ಚೀಟಿಯನ್ನು ಉಗುರಿನಿಂದ ಕೆರೆದು ಕೆರೆದು, ಹರಿಯದ ಹಾಗೆ ಬಿಡಿಸಿ ತಂದು ನನ್ನ ಕೈಯಲ್ಲಿಟ್ಟರು.

“ಇನ್ನು ಒಟ್ಟೆ ಖಾಲಿ ಬಿಡ್ಲಿಕ್ಕೆ ಉಂಟಲ್ಲ?”

“ಉಂಟು ಶೀಲಕ್ಕ” ಎಂದೆ.